ಪಡ್ರೆಯ ಚಾವಡಿಯಲ್ಲಿ 'ದಿ ನೈಲಾನ್ ಕರ್ಟನ್'

ಅಮೆರಿಕದ ಗಾಯಕ, ಪಿಯಾನೋ ವಾದಕ ಬಿಲ್ಲಿ ಜೋಯೆಲ್‌ನ ಈ ಆಲ್ಬಮ್ ಬಂದದ್ದು 1982ರಲ್ಲಿ. ನನಗೆ ಸಿಕ್ಕಿದ್ದು ಸೋದರಮಾವ ದುಬೈಯಿಂದ ತಂದ ಕ್ಯಾಸೆಟ್ಟಿನಲ್ಲಿ. ಅದಕ್ಕೆ ಬೂಸ್ಟು ಹಿಡಿದು ವರ್ಷಗಳೇ ಆದವು. ಕಳೆದ ವಾರ 1998ರ ರೀಮಾಸ್ಟರ್ ಸಿ.ಡಿ., ಅಂದರೆ ಮೂಲ ರೆಕಾರ್ಡಿಂಗಿನ ಸದ್ದನ್ನು ಮತ್ತೆ ತಿದ್ದಿ ಶುದ್ಧ ಮಾಡಿದ್ದು, ಕೈಗೆ ಬಂತು. ಜೋರು ಮಳೆ, ಅಡಿಕೆಗೆ ಮದ್ದು ಬಿಡುವ ಹಾಗಿರಲಿಲ್ಲ. ಕೂತು ಮೂರು ಸಲ ಪೂರ್ತಿ ಕೇಳಿದೆ.

ನೇರವಾಗಿ ನಾಲ್ಕನೇ ಹಾಡಿಗೆ ಬರುತ್ತೇನೆ, 'ಗುಡ್‌ನೈಟ್ ಸೈಗಾನ್'. ವಿಯೆಟ್ನಾಂ ಯುದ್ಧಕ್ಕೆ ಹೋದ ಅಮೆರಿಕದ ಹುಡುಗರ ಹಾಡು, ಏಳು ನಿಮಿಷದ್ದು. ಮೊದಲು ಜೀರುಂಡೆ, ಆಮೇಲೆ ಹೆಲಿಕಾಪ್ಟರ್, ಆಮೇಲೆ ಮೆಲ್ಲಗೆ ಪಿಯಾನೋ. ಕ್ಯಾಸೆಟ್ಟಿನಲ್ಲಿ ಜೀರುಂಡೆ ಯಾವುದು, ಟೇಪಿನ ಸದ್ದು ಯಾವುದು ಗೊತ್ತಾಗುತ್ತಿರಲಿಲ್ಲ. ಈಗ ಪ್ರತಿಯೊಂದೂ ಬಿಡಿಬಿಡಿಯಾಗಿ ಕೇಳುತ್ತದೆ. ಹೆಲಿಕಾಪ್ಟರ್ ಅಂತೂ ಹಂಚಿನ ಮೇಲೇ ಬಂದ ಹಾಗೆ.

ಈ ಸದ್ದು ನಮ್ಮ ಊರಿಗೆ, ಕಾಸರಗೋಡಿನ ಪಡ್ರೆಗೆ, ಚೆನ್ನಾಗಿ ಗೊತ್ತು. ಗುಡ್ಡದ ಗೇರು ತೋಟಗಳಿಗೆ 2000ದವರೆಗೂ ಹೆಲಿಕಾಪ್ಟರಿನಿಂದಲೇ ಎಂಡೋಸಲ್ಫಾನ್ ಎಂಬ ಕೀಟನಾಶಕ ಸುರಿಯುತ್ತಿದ್ದರು. ಸದ್ದು ಕೇಳಿದ ಕೂಡಲೇ ಅಮ್ಮ ಬಾವಿಗೆ ಮಡಲು ಮುಚ್ಚಲು ಓಡುತ್ತಿದ್ದರು. ಮೊನ್ನೆ ಅಡುಗೆಮನೆಯಿಂದ ಹೊರಗೆ ಬಂದು, "ಅದೆಂತ ಶಬ್ದ ಮಗಾ?" ಎಂದರು. ಹಾಡು ಅಂದೆ. ಮುಗಿಯುವವರೆಗೆ ಅಲ್ಲೇ ಕೂತರು. ಕೊನೆಗೆ ಹೆಲಿಕಾಪ್ಟರ್ ದೂರ ಹೋಗಿ ಮತ್ತೆ ಜೀರುಂಡೆ ಮಾತ್ರ ಉಳಿಯುತ್ತದೆ, ಅಲ್ವಾ, ಆಗ ಎದ್ದು ಒಳಗೆ ಹೋದರು.

ಡಿಜಿಟಲ್‌ನಲ್ಲಿ ರೆಕಾರ್ಡ್ ಆದ ಮೊದಮೊದಲ ಆಲ್ಬಮ್‌ಗಳಲ್ಲಿ ಇದೂ ಒಂದು. ಹಾಗಾಗಿ ತೊಳೆದು ತೆಗೆಯುವಷ್ಟು ಕೊಳೆ ಮೂಲದಲ್ಲಿ ಇರಲಿಲ್ಲ. ಕೊಳೆ ಇದ್ದದ್ದು ನಮ್ಮ ಕ್ಯಾಸೆಟ್ಟಿನಲ್ಲಿ. 'ಅಲೆನ್‌ಟೌನ್' ಕೇಳಿ. ಪೆನ್ಸಿಲ್ವೇನಿಯಾದಲ್ಲಿ ಮುಚ್ಚಿಹೋಗುವ ಕಾರ್ಖಾನೆಗಳ ಹಾಡು, ಸೀಟಿಯೊಂದಿಗೇ ಶುರು. ಪಿಯಾನೋದ ಒಂದೊಂದು ಪೆಟ್ಟೂ ಸುತ್ತಿಗೆಯ ಹಾಗೆ ಬೀಳುತ್ತದೆ. ಅದೇ ವರ್ಷ ಬೈಕ್ ಅಪಘಾತದಲ್ಲಿ ಕೈಗೆ ಪೆಟ್ಟು ಮಾಡಿಕೊಂಡವನ ನುಡಿಸಾಣಿಕೆ ಇದು ಅಂದರೆ ನಂಬುವುದು ಕಷ್ಟ.

'ಪ್ರೆಷರ್' ನನ್ನ ಕಿವಿಗೆ ಸ್ವಲ್ಪ ಜಾಸ್ತಿಯೇ ಚೂಪಾಯಿತು, ವಾಲ್ಯೂಮ್ ಇಳಿಸಬೇಕಾಯಿತು. 'ಎ ರೂಮ್ ಆಫ್ ಅವರ್ ಓನ್' ಅಂದೂ ಸಾಧಾರಣ, ಇಂದೂ ಸಾಧಾರಣ.

ಕೊನೆಯ ಹಾಡು 'ವೇರ್ಸ್ ದಿ ಆರ್ಕೆಸ್ಟ್ರಾ?' ಮುಗಿಯುವಾಗ 'ಅಲೆನ್‌ಟೌನ್'ನ ಧಾಟಿ ಮೆಲ್ಲಗೆ ಮರಳಿ ಬರುತ್ತದೆ. ನಮ್ಮ ಟೇಪು ಅದಕ್ಕೆ ಸ್ವಲ್ಪ ಮೊದಲೇ ತುಂಡಾಗಿತ್ತು. ಇಷ್ಟು ವರ್ಷ ಕೇಳಿದ ಆಲ್ಬಮ್‌ನಲ್ಲಿ ಆ ತುಣುಕನ್ನು ನಾನು ಕೇಳಿದ್ದು ಮೊನ್ನೆಯೇ ಮೊದಲು.