ತೋಟದೊಳಗಿನ 11 ಕೆವಿ ಲೈನ್ ಸರಿಸಿಕೊಡುವ ಸೇವೆ: ಕಾಸಿಗೆ ತಕ್ಕದ್ದೇ?

ಕಾಫಿ ತೋಟದ ನಡುವೆ ಹಾದುಹೋದ 11 ಕೆವಿ (11,000 ವೋಲ್ಟ್) ವಿದ್ಯುತ್ ಲೈನನ್ನು ಮಾಲೀಕರ ಖರ್ಚಿನಲ್ಲೇ ಗಡಿಬದಿಗೆ ಸರಿಸಿಕೊಡುವ ಕೆಲಸಕ್ಕೆ ಕೊಡಗಿನಲ್ಲಿ ಬೇಡಿಕೆ ಇದ್ದೇ ಇದೆ. ಬರಿ ತಂತಿಯ 11 ಕೆವಿ ಲೈನ್ ನೆಲದಿಂದ 4.6 ಮೀಟರ್ ಎತ್ತರದಲ್ಲಿದ್ದರೆ ನಿಯಮಕ್ಕೆ ಸಾಕು, ಮೆಣಸು ಕೊಯ್ಯುವ ಏಣಿಗೆ ಸಾಲದು. ಅಲ್ಯೂಮಿನಿಯಂ ಏಣಿಯೋ ಸ್ಪ್ರಿಂಕ್ಲರ್ ಪೈಪೋ ತಂತಿಗೆ ತಾಗಿ ಜೀವ ಹೋಗುವುದು ಇಲ್ಲಿ ಹೊಸತಲ್ಲ.

ಸರಬರಾಜು ಕಂಪನಿಯೇ ಅಂದಾಜು ಪಟ್ಟಿ ಮಾಡಿ ಕೆಲಸವನ್ನೂ ಮಾಡುವುದು ಒಂದು ದಾರಿ. ಲೈಸೆನ್ಸ್ ಇರುವ ಗುತ್ತಿಗೆದಾರರಿಂದ ಮಾಡಿಸಿ, ಕಂಪನಿಗೆ ಮೇಲ್ವಿಚಾರಣೆ ಶುಲ್ಕ ಮಾತ್ರ ಕಟ್ಟುವುದು ಇನ್ನೊಂದು. ಎರಡನೆಯದೇ ವಾಸಿ, ಏಕೆಂದರೆ ತಿಂಗಳು ಆರಿಸಿಕೊಳ್ಳುವುದು ನಿಮ್ಮ ಕೈಯಲ್ಲಿರುತ್ತದೆ. ರೊಬಸ್ಟಾ ಕೊಯ್ಲು ಮುಗಿದು, ಹೂ ಉದುರಿ ಕಾಯಿ ಕಟ್ಟಿದ ಮೇಲೆ, ಮುಂಗಾರಿಗೆ ಮೊದಲು ತಂತಿ ಎಳೆಸಬೇಕು. ಹೂವಿನ ಮೇಲೆ ತಂತಿ ಎಳೆದರೆ ಆ ಸಾಲಿನ ಫಸಲು ಹೋದಂತೆಯೇ. ಜೂನ್‌ನಲ್ಲಿ ತೋಡಿದ ಗುಂಡಿಗೆ ನೀರು ನಿಂತು, ಮಣ್ಣು ಕುಸಿದು, ಮಳೆಗಾಲ ಮುಗಿಯುವಷ್ಟರಲ್ಲಿ ಕಂಬ ವಾಲಿರುತ್ತದೆ.

ಕೆಲಸದ ಗುಣಮಟ್ಟ ಗುಂಡಿಯಲ್ಲೇ ಗೊತ್ತಾಗುತ್ತದೆ. ಕಂಬದ ಉದ್ದದ ಆರನೇ ಒಂದು ಭಾಗ ನೆಲದೊಳಗಿರಬೇಕು, 9 ಮೀಟರ್ ಕಂಬಕ್ಕೆ ಒಂದೂವರೆ ಮೀಟರ್. ಬಂಡೆ ಸಿಕ್ಕಿತೆಂದು ಮೂರಡಿಗೇ ನಿಲ್ಲಿಸಿ ಸುತ್ತ ಕಾಂಕ್ರೀಟ್ ಸುರಿಯುವವರಿದ್ದಾರೆ, ಕಂಬ ನಿಲ್ಲಿಸುವ ಮೊದಲೇ ಅಳೆದು ನೋಡಿ. ಲೈನ್ ತಿರುಗುವ ಕಡೆ ಸ್ಟೇ (ಕಂಬ ವಾಲದಂತೆ ನೆಲಕ್ಕೆ ಬಿಗಿದ ತಂತಿ) ಬೇಕೇ ಬೇಕು. ಬರೆಯ (ಕಡಿದಾದ ಇಳಿಜಾರಿನ) ಅಂಚಿನಲ್ಲಿ ಸ್ಟೇಗೆ ಜಾಗವಿಲ್ಲದಿದ್ದರೆ ಕಂಬದ ಜಾಗವನ್ನೇ ಬದಲಿಸಿ.

ಈ ಸೇವೆಯ ದೊಡ್ಡ ಕೊರತೆ ಕಾಗದದ ಕಡೆಯದು. 11 ಕೆವಿ ಲೈನಿನ ಹಾದಿಗೆ 7 ಮೀಟರ್ ಅಗಲದ ಲೆಕ್ಕ. ಕಂಬವನ್ನು ಸರಿಯಾಗಿ ಬೇಲಿಯ ಮೇಲೇ ನೆಟ್ಟರೆ ಮೂರೂವರೆ ಮೀಟರ್ ಪಕ್ಕದವರ ತೋಟಕ್ಕೆ ಹೋಗುತ್ತದೆ. ನಕ್ಷೆಯಲ್ಲಿ ಒಂದೇ ಗೆರೆ ಎಳೆದುಕೊಡುವ ಗುತ್ತಿಗೆದಾರ ಇದನ್ನು ಹೇಳುವುದಿಲ್ಲ. ಜಗಳ ಶುರುವಾಗುವುದು ಅಲ್ಲಿಂದಲೇ. ಕಂಬವನ್ನು ಅಷ್ಟು ಒಳಗೆ ತೆಗೆದುಕೊಳ್ಳಿ, ಇಲ್ಲವೇ ಪಕ್ಕದವರ ಒಪ್ಪಿಗೆಯನ್ನು ಸರ್ವೆ ನಂಬರ್, ಕಂಬದ ಸಂಖ್ಯೆ, ನಕ್ಷೆ ಸಮೇತ ಬರೆಸಿಕೊಳ್ಳಿ. ಪಕ್ಕದ ಜಾಗ ಜಮ್ಮಾ, ಅಂದರೆ ಇಡೀ ಒಕ್ಕಕ್ಕೆ (ಮನೆತನಕ್ಕೆ) ಒಟ್ಟಾಗಿ ಸೇರಿದ ಭೂಮಿ, ಆಗಿದ್ದರೆ ಒಕ್ಕದ ಪರವಾಗಿ ಹೆಸರಿರುವ ಪಟ್ಟೆದಾರರ ಒಂದು ಸಹಿ ನಂಬಿ ಹಣ ಕಟ್ಟಬೇಡಿ. ಪಹಣಿಯಲ್ಲಿ ಹೆಸರಿರುವ ಒಕ್ಕದವರೆಲ್ಲರ ಸಹಿ ಇರಲಿ. ಊರಿಗೆ ಹಬ್ಬಕ್ಕೆ ಬಂದ ದಾಯಾದಿಯೊಬ್ಬರು ಆಕ್ಷೇಪಣೆ ಬರೆದರೂ ಕೆಲಸ ಅಲ್ಲಿಗೇ ನಿಲ್ಲುತ್ತದೆ. ಒಪ್ಪಿಗೆ ಸಿಗದಿದ್ದರೆ ಕಂಪನಿ ಜಿಲ್ಲಾಧಿಕಾರಿಯ ಅನುಮತಿ ಪಡೆಯಬೇಕು, ಪರಿಹಾರದ ಮಾತು ಬರುವುದೂ ಅಲ್ಲೇ.

ಹೊಸ ಹಾದಿಯಲ್ಲಿ ಸಿಲ್ವರ್ ಓಕ್ ಮಾತ್ರ ಇದ್ದರೆ ಸುಲಭ, ಮರ ಸಂರಕ್ಷಣಾ ಕಾಯ್ದೆಯ ವಿನಾಯಿತಿ ಪಟ್ಟಿಯಲ್ಲಿ ಅದಿದೆ. ಬೀಟೆ, ಹೊನ್ನೆ ಇದ್ದರೆ ಅರಣ್ಯ ಇಲಾಖೆಗೆ ಅಲೆಯುವುದಕ್ಕಿಂತ ಆ ಮರಗಳನ್ನು ಬಿಟ್ಟು ಲೈನನ್ನು ಸುತ್ತಿಸಿ ಒಯ್ಯುವುದು ಮೇಲು.

ಮನೆಗೋ ಲೈನ್‌ಮನೆಗೋ (ಕಾರ್ಮಿಕರ ಸಾಲುಮನೆಗೋ) ಹೋಗುವ ಎಲ್‌ಟಿ (ಕಡಿಮೆ ವೋಲ್ಟೇಜಿನ) ಲೈನನ್ನು ಸರಿಸುವುದು ಮಾತ್ರ ದಂಡ. ಅದೇ ಹಾದಿಯಲ್ಲಿ ಎಬಿ ಕೇಬಲ್ (ಹೊದಿಕೆಯುಳ್ಳ ತಂತಿಗಳನ್ನು ಒಟ್ಟಿಗೆ ಹೆಣೆದ ಕೇಬಲ್) ಹಾಕಿಸಿ, ಕೊಂಬೆ ಬಿದ್ದರೂ ತಡೆಯುತ್ತದೆ. ಹಾಗೆಂದು ಏಣಿ ಒರಗಿಸಬಹುದೆಂದು ಯಾರೂ ತಿಳಿಯಬಾರದು.

ಟವರ್ ಲೈನಿಗೆ ಈ ಲೆಕ್ಕ ಹಿಡಿಯುವುದಿಲ್ಲ. ಜಿಲ್ಲೆಯಲ್ಲಿ ಅಷ್ಟು ವಿವಾದವಾದ ಮೈಸೂರು–ಕೋಯಿಕ್ಕೋಡ್ 400 ಕೆವಿ ಮಾರ್ಗದಂಥವನ್ನು ಟೆಲಿಗ್ರಾಫ್ ಕಾಯ್ದೆಯ ಅಧಿಕಾರದಲ್ಲಿ ಎಳೆಯುತ್ತಾರೆ, ಮಾಲೀಕರ ಮುಂಗಡ ಒಪ್ಪಿಗೆ ಬೇಕಿಲ್ಲ. ಅಲ್ಲಿ ಹೋರಾಟ ಪರಿಹಾರದ ಮೊತ್ತಕ್ಕೆ. ಕೇಂದ್ರದ 2024ರ ಮಾರ್ಗಸೂಚಿ 66 ಕೆವಿ ಮತ್ತು ಮೇಲಿನ ಲೈನುಗಳಿಗೆ ಟವರ್ ಬುಡದ ಜಾಗಕ್ಕೆ ಭೂಮಿಯ ಬೆಲೆಯ 200%, ತಂತಿಯ ಕೆಳಗಿನ ಹಾದಿಗೆ 30% ಹೇಳುತ್ತದೆ. ಸಿಕ್ಕಿದ್ದು ಕಡಿಮೆ ಎನ್ನಿಸಿದರೆ ಆ ಕಾಯ್ದೆಯ 16(3)ರಡಿ ಜಿಲ್ಲಾ ನ್ಯಾಯಾಧೀಶರ ಮುಂದೆ ಅರ್ಜಿ ಹಾಕಬೇಕು.

ಅಂದಾಜು ಪಟ್ಟಿಗೆ ಒಪ್ಪುವ ಮೊದಲು ಹಳೆಯ ಲೈನ್ ಬಿಚ್ಚುವ ಖರ್ಚು ಸೇರಿದೆಯೇ ನೋಡಿ. ಸೇರಿಲ್ಲದಿದ್ದರೆ ಹೊಸ ಲೈನಿಗೆ ಕರೆಂಟ್ ಬಂದ ಮೇಲೂ ಹಳೆಯ ಕಂಬ, ಸ್ಟೇ ವೈರ್ ಕಾಫಿ ಗಿಡಗಳ ನಡುವೆಯೇ ಉಳಿಯುತ್ತವೆ. ಅವು ಕಂಪನಿಯ ಸೊತ್ತು, ನೀವೇ ಕಿತ್ತು ಮಾರುವಂತಿಲ್ಲ.