ನೆಗ್ರೆತೆಯಾ, ಇನ್ಫಾಂತೆಯಾ? ಇಬ್ಬರ ಒಂಬತ್ತು ಸಿನಿಮಾ ನೋಡಿದ ಮೇಲೆ

ಮೆಕ್ಸಿಕೊದ ಹಳೆಯ ಕಪ್ಪು ಬಿಳುಪು ಸಿನಿಮಾ ನೋಡೋಣ ಅಂತ ಹೊರಟರೆ ಎರಡು ಹೆಸರು ಬಂದೇ ಬರುತ್ತವೆ. ಹೋರ್ಹೆ ನೆಗ್ರೆತೆ, ಪೆದ್ರೋ ಇನ್ಫಾಂತೆ. ಇಬ್ಬರೂ ಹಾಡುವ ನಾಯಕರು. ಇಬ್ಬರೂ ಅಗಲ ಟೋಪಿ ಹಾಕಿ ಕುದುರೆ ಏರಿದವರು. ಯಾರಿಂದ ಶುರು ಮಾಡಲಿ ಅಂತ ತಿಳಿಯದೆ ಎರಡು ತಿಂಗಳು ಇಬ್ಬರನ್ನೂ ನೋಡಿದೆ, ರಾತ್ರಿ ಕೆಲಸ ಎಲ್ಲ ಮುಗಿದ ಮೇಲೆ, ಸಬ್‌ಟೈಟಲ್ ಹಾಕಿಕೊಂಡು.

ಮೊದಲು ನೆಗ್ರೆತೆ. ಹುಟ್ಟಿದ್ದು 1911ರಲ್ಲಿ, ಗ್ವಾನಾಹ್ವಾತೊದಲ್ಲಿ. ಸೈನಿಕ ಕಾಲೇಜಿನಲ್ಲಿ ಓದಿದವರು, ಆಪೆರಾ ಸಂಗೀತ ಕಲಿತವರು. 1941ರ 'ಆಯ್ ಹಲೀಸ್ಕೊ, ನೊ ತೆ ರಾಹೆಸ್' ಅವರನ್ನು ದೊಡ್ಡ ತಾರೆ ಮಾಡಿತು. ತಂದೆತಾಯಿಯನ್ನು ಕೊಂದವರನ್ನು ಹುಡುಕಿಕೊಂಡು ಹೋಗುವ ಮಗನ ಕಥೆ, ನಮಗೇನೂ ಹೊಸದಲ್ಲ. ಆದರೆ ಅವರು ಬಾಯಿ ತೆರೆದು ಹಾಡಲು ಶುರು ಮಾಡಿದಾಗ ನಾನು ಸಬ್‌ಟೈಟಲ್ ಓದುವುದನ್ನೇ ಬಿಟ್ಟೆ. ಅಷ್ಟು ತುಂಬಿದ ದನಿ. ಹಾಡು ಮುಗಿದ ಮೇಲೆ ಮಾತ್ರ ತೊಂದರೆ. ಮಾತಾಡುವಾಗಲೂ, ಪ್ರೀತಿ ಮಾಡುವಾಗಲೂ ಪರೇಡಿನಲ್ಲಿ ನಿಂತ ಹಾಗೆ ಎದೆ ಸೆಟೆಸಿಕೊಂಡೇ ಇರುತ್ತಾರೆ. 1943ರ 'ಎಲ್ ಪೆನ್ಯೋನ್ ದೆ ಲಾಸ್ ಆನಿಮಾಸ್' ನಾಯಕಿ ಮರಿಯಾ ಫೆಲಿಕ್ಸ್ ಅವರ ಮೊದಲ ಸಿನಿಮಾ. ಸೆಟ್ಟಿನಲ್ಲಿ ಇಬ್ಬರಿಗೂ ಆಗಿಬರುತ್ತಿರಲಿಲ್ಲವಂತೆ, 1952ರಲ್ಲಿ ಅವರಿಬ್ಬರೇ ಮದುವೆಯಾದರು. ಆ ಸಿನಿಮಾದಲ್ಲಿ ನನ್ನ ಕಣ್ಣು ಪೂರ್ತಿ ಅವಳ ಮೇಲೇ ಇತ್ತು. ಬುನ್ಯುಯೆಲ್ ನಿರ್ದೇಶಿಸಿದ 'ಗ್ರಾನ್ ಕಸೀನೊ' ಹಾಡುಗಳಿಗಾಗಿ ಒಮ್ಮೆ ನೋಡಬಹುದು, ಅಷ್ಟೇ.

ಇನ್ಫಾಂತೆ ಬೇರೆಯೇ ಥರ. 1917ರಲ್ಲಿ ಮಸತ್ಲಾನ್‌ನಲ್ಲಿ ಹುಟ್ಟಿದರು, ಹುಡುಗನಾಗಿದ್ದಾಗ ಬಡಗಿ ಕೆಲಸ ಕಲಿತರು. 1948ರ 'ನೊಸೋತ್ರೋಸ್ ಲೋಸ್ ಪೋಬ್ರೆಸ್'ನಲ್ಲಿ ಅವರು ಪೆಪೆ ಎಲ್ ತೋರೊ ಎಂಬ ಬಡಗಿ. ಇದನ್ನು ನೋಡುವಾಗ ಅವರ ಕೈಗಳನ್ನು ಗಮನಿಸಿ. ಮರದ ಕೆಲಸದ ನಡುವೆಯೇ ಹಾಡುತ್ತಾರೆ, ಸಿಳ್ಳೆ ಹಾಕುತ್ತಾರೆ, ಅತ್ತ ಕಡೆಯಿಂದ ನಾಯಕಿ ಬ್ಲಾಂಕಾ ಎಸ್ತೆಲಾ ಪವೋನ್ ಅದಕ್ಕೆ ದನಿ ಕೊಡುತ್ತಾಳೆ. ಆ ಕೈಗೆ ಆ ಕೆಲಸ ಗೊತ್ತು ಅಂತ ಯಾರೂ ಹೇಳಬೇಕಿಲ್ಲ. ದನಿ ನೆಗ್ರೆತೆಯಷ್ಟು ದೊಡ್ಡದಲ್ಲ, ಮೆದು, ಪಕ್ಕದ ಮನೆಯವರು ಹಾಡಿದ ಹಾಗೆ.

ಅದರ ಮುಂದಿನ ಭಾಗ 'ಉಸ್ತೆದೆಸ್ ಲೋಸ್ ರಿಕೋಸ್'. ಬೆಂಕಿಯಲ್ಲಿ ಸತ್ತ ಮಗುವನ್ನು ಎತ್ತಿಕೊಂಡು ಪೆಪೆ ಮೊದಲು ನಗುತ್ತಾನೆ. ಆಮೇಲೆ ಅಳು. ನಗು ಎಲ್ಲಿ ಮುಗಿಯಿತು, ಅಳು ಎಲ್ಲಿ ಶುರುವಾಯಿತು ಅಂತ ನನಗೆ ಹೇಳಲಾಗದು. ಸಿನಿಮಾ ಅಲ್ಲೇ ನಿಲ್ಲಿಸಿ ಎದ್ದು ಹೋದೆ, ಉಳಿದದ್ದನ್ನು ಮರುದಿನ ನೋಡಿದೆ. ಅತಿಯಾದ ಗೋಳು ಅನ್ನುವವರು ಇದ್ದಾರೆ, ಇರಲಿ. ಆ ಗೋಳನ್ನು ನಂಬಿಸಬಲ್ಲ ನಟ ಸಿಗಬೇಕಲ್ವಾ?

'ಲೋಸ್ ತ್ರೆಸ್ ವಾಸ್ತೆಕೋಸ್'ನಲ್ಲಿ ಅವರದು ಮೂರು ಪಾತ್ರ. ಒಬ್ಬ ಪಾದ್ರಿ, ಒಬ್ಬ ಸೈನ್ಯದವ, ಇನ್ನೊಬ್ಬ ದೇವರನ್ನು ನಂಬದ ಒರಟ. ಮೀಸೆ, ಬಟ್ಟೆ ಬಿಡಿ, ನಡೆಯುವ ರೀತಿಯಲ್ಲೇ ಯಾರು ಅಂತ ಗೊತ್ತಾಗುತ್ತದೆ. 1951ರ 'ಆ ತೋದಾ ಮಾಕಿನಾ' ಬೈಕ್ ಪೊಲೀಸರ ತಮಾಷೆ ಸಿನಿಮಾ, ಮನೆಯವರ ಜೊತೆ ನೋಡಿದೆ, ಎಲ್ಲರಿಗೂ ಇಷ್ಟವಾಯಿತು. 'ತೀಸೊಕ್' ಮಾತ್ರ ನನಗೆ ಹಿಡಿಸಲಿಲ್ಲ. ಅದಕ್ಕೆ 1957ರ ಬರ್ಲಿನ್ ಉತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು, ಅಷ್ಟರಲ್ಲಿ ಅವರು ತೀರಿಹೋಗಿದ್ದರು. ಆದರೆ ಬುಡಕಟ್ಟಿನವನು ಅಂದರೆ ಮುಗ್ಧ, ಮಗುವಿನ ಹಾಗೆ ಮಾತಾಡುವವನು ಅಂತ ತೋರಿಸಿದ್ದು ಈಗ ನೋಡಲು ಕಷ್ಟ.

ಹಾಗಾದರೆ ಇನ್ಫಾಂತೆಯೇ ಗೆದ್ದರು ಅಂದುಕೊಂಡು ಕೊನೆಗೆ 'ದೋಸ್ ತೀಪೋಸ್ ದೆ ಕುಯಿದಾದೊ' ಹಾಕಿದೆ. ಇಬ್ಬರೂ ಜೋಡಿ ನಾಯಕರಾದದ್ದು ಇದೊಂದರಲ್ಲೇ, 1953ರಲ್ಲಿ. ಪಾತ್ರಗಳ ಹೆಸರು ಪೆದ್ರೋ ಮಾಲೊ, ಹೋರ್ಹೆ ಬ್ವೇನೊ, ಅಂದರೆ ಕೆಟ್ಟ ಪೆದ್ರೋ, ಒಳ್ಳೆಯ ಹೋರ್ಹೆ. ಜೀವದ ಗೆಳೆಯರು. ತಾನು ಪ್ರೀತಿಸಿದ ಹುಡುಗಿಯನ್ನು ಪೆದ್ರೋ ಮದುವೆಯಾದ ಅಂತ ಹೋರ್ಹೆಗೆ ಸಿಟ್ಟು. ಯಾಕೆ ಮದುವೆಯಾದ ಅನ್ನುವುದನ್ನು ನೀವೇ ನೋಡಿ. ಒಂದು ಪಾರ್ಟಿಯಲ್ಲಿ ಇಬ್ಬರೂ ಹಾಡಿನಲ್ಲೇ ಒಬ್ಬರನ್ನೊಬ್ಬರು ಚುಚ್ಚುತ್ತಾರೆ, ಸವಾಲ್ ಜವಾಬ್ ಥರ. ಅಲ್ಲಿ ನೆಗ್ರೆತೆ ಮೊದಲ ಸಲ ಸಡಿಲವಾಗುತ್ತಾರೆ! ನಗುವುದೂ ಗೊತ್ತು, ಸೋಲುವುದೂ ಗೊತ್ತು. ಇನ್ಫಾಂತೆ ಎದುರಿಗಿದ್ದದ್ದಕ್ಕೇ ಹಾಗಾಯಿತು ಅಂತ ನನ್ನ ಅನಿಸಿಕೆ.

ಅದೇ ವರ್ಷ ಡಿಸೆಂಬರ್ 5ರಂದು ಲಾಸ್ ಏಂಜಲೀಸ್‌ನಲ್ಲಿ ನೆಗ್ರೆತೆ ತೀರಿಕೊಂಡರು, 42 ವರ್ಷ. ಇನ್ಫಾಂತೆ 1957ರ ಏಪ್ರಿಲ್ 15ರಂದು ಮೆರೀದಾದಲ್ಲಿ ವಿಮಾನ ಅಪಘಾತದಲ್ಲಿ ಹೋದರು, 39 ವರ್ಷ. ಈ ಜೋಡಿಯ ಇನ್ನೊಂದು ಸಿನಿಮಾ ಇದ್ದಿದ್ದರೆ ಅಂತ ತುಂಬ ಅನಿಸುತ್ತದೆ.

ಹೊಸದಾಗಿ ನೋಡುವವರು 'ನೊಸೋತ್ರೋಸ್ ಲೋಸ್ ಪೋಬ್ರೆಸ್'ನಿಂದ ಶುರು ಮಾಡಿ. ನೆಗ್ರೆತೆಯನ್ನು ಮೊದಲು ಕೇಳಿ, ಬರೀ ಹಾಡು. ಜೋಡಿ ಸಿನಿಮಾವನ್ನು ಕೊನೆಗೆ ಇಟ್ಟುಕೊಳ್ಳಿ.