ಪಂಚಾಯ್ತಿಗೆ ವರ್ಷದ ಪ್ಲಾನ್ ಸಾಕಾ, ಐದು ವರ್ಷದ್ದೂ ಬೇಕಾ?

ಅಕ್ಕಾ, ಹೊಸದಾಗಿ ಮೆಂಬರ್ ಆದೋರು ತುಂಬಾ ಜನ ಇದನ್ನೇ ಕೇಳ್ತಾರೆ. ವರ್ಷದ ಕ್ರಿಯಾ ಯೋಜನೆ ಅಂತೂ ಮಾಡ್ಲೇಬೇಕು, ಅದರ ಹಿಂದೆ ಐದು ವರ್ಷದ ದೂರದೃಷ್ಟಿ ಯೋಜನೆಗೆ ಎಷ್ಟು ಬೆವರು ಸುರಿಸ್ಬೇಕು ಅನ್ನೋದೇ ನಿಮ್ಮ ಪ್ರಶ್ನೆ ಅನ್ಕೊಳ್ತೀನಿ.

ಸುಲಭ ಅಂದ್ರೆ ವರ್ಷದ್ದೇ. ವಾರ್ಡ್ ಸಭೆ ಕರೀರಿ, ಪಟ್ಟಿ ಮಾಡಿ, ಗ್ರಾಮಸಭೆಲಿ ಒಪ್ಪಿಗೆ ತಗೊಳಿ. ಆದ್ರೆ ಆ ಪಟ್ಟಿ ಒಮ್ಮೆ ನೋಡಿ, ಚರಂಡಿ, ಸಿಸಿ ರಸ್ತೆ, ಬೀದಿದೀಪ, ಮತ್ತೆ ಚರಂಡಿ. ನಾನು ಕಂಡ ಒಂದೂರಲ್ಲಿ ಕಾಂಕ್ರೀಟ್ ಹಾಕಿ ಇನ್ನೂ ವರ್ಷ ಆಗಿಲ್ಲ, ನಲ್ಲಿ ಪೈಪ್ ಎಳೀಬೇಕು ಅಂತ ಅದೇ ರಸ್ತೆ ನಡುಮಧ್ಯ ಅಗೆದ್ರು, ಹೊಟ್ಟೆ ಉರಿಯುತ್ತೆ ನೋಡಿದ್ರೆ. ಐದು ವರ್ಷದ ನಕ್ಷೆ ಇದ್ದಿದ್ರೆ ಪೈಪ್ ಮೊದ್ಲು, ರಸ್ತೆ ಆಮೇಲೆ ಅಂತ ಬರ್ತಿತ್ತು.

ದುಡ್ಡಿನ ವಿಷ್ಯ ಬಂದ್ರೆ, 15ನೇ ಹಣಕಾಸು ಆಯೋಗ (ಕೇಂದ್ರದ ದುಡ್ಡು ಹೇಗೆ ಹಂಚ್ಬೇಕು ಅಂತ ಶಿಫಾರಸು ಮಾಡೋ ಆಯೋಗ) 2021-26ಕ್ಕೆ ಹೇಳಿದ ಅನುದಾನದಲ್ಲಿ 60% ನೀರು, ನೈರ್ಮಲ್ಯಕ್ಕೇ ಮೀಸಲಿಟ್ಟಿತ್ತು, ಉಳಿದ 40%ರಲ್ಲಿ ಮಾತ್ರ ಊರಿನ ಆಯ್ಕೆ, ಅದರಲ್ಲೂ ಸಂಬಳ ಕೊಡೋ ಹಾಗಿರ್ಲಿಲ್ಲ. ಇಷ್ಟು ಚಿಕ್ಕ ಮೊತ್ತನ ವರ್ಷವರ್ಷ ವಾರ್ಡಿಗಿಷ್ಟು ಅಂತ ಹಂಚಿದ್ರೆ ದೊಡ್ಡ ಕೆಲಸ ಒಂದೂ ಆಗಲ್ಲ.

ಬೋರ್‌ವೆಲ್ ಬತ್ತಿ ಬೇಸಿಗೆ ಎದುರಿಗಿದ್ರೆ, ಇಲ್ಲಾ ನಿಮ್ಮ ಅವಧಿ ಒಂದೇ ವರ್ಷ ಉಳಿದಿದ್ರೆ, ವರ್ಷದ ಪ್ಲಾನನ್ನೇ ಗಟ್ಟಿಯಾಗಿ ಮಾಡಿ. ಕೆರೆ ಹೂಳು, ರಾಜಕಾಲುವೆ, ಕಸ ಘಟಕ ಇಂಥವು ತಲೇಲಿದ್ರೆ, ಅವಧಿನೂ ಪೂರ್ತಿ ಇದ್ರೆ, ಮೊದಲ ಆರು ತಿಂಗಳು ಐದು ವರ್ಷದ್ದಕ್ಕೇ ಕೂತ್ಕೊಳಿ. ಪಿಡಿಓ (ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ) ವರ್ಗ ಆದ್ರೂ ಆ ಫೈಲ್ ಪಂಚಾಯ್ತಿಲೇ ಇರುತ್ತೆ.